ಹಿಂಬದಿಯ ಕಮಾನು: ಮೂರು ಹಳೆಯ ಕಾರುಗಳ ಕಥೆ

ನಮ್ಮ ಸಂಘದ ಪತ್ರಿಕೆಯಲ್ಲಿ ಸಾಮಾನ್ಯವಾಗಿ ಯುಗಾದಿ, ರಾಜ್ಯೋತ್ಸವ, ದಾಸರ ಪದಗಳು, ಮಕ್ಕಳ ಕನ್ನಡ ಕಲಿಕೆ ಇಂಥ ವಿಷಯಗಳಿಗೆ ಸ್ಥಳ. ಕಾರಿನ ತಳದಲ್ಲಿ ಕೆಸರು ಮೆತ್ತಿಕೊಂಡು ಕೂತಿರುವ ಕಬ್ಬಿಣ, ರಬ್ಬರುಗಳ ಚರಿತ್ರೆ ಇಲ್ಲೇಕೆ ಎಂದು ವಾಚಕರು ಹುಬ್ಬೇರಿಸಬಹುದು. ಆದರೆ ನಾವು ಈಗ ವಾಸವಾಗಿರುವ ಬ್ರಿಟನ್ನಿಗೂ ನಾವು ಬಿಟ್ಟು ಬಂದ ಊರಿಗೂ ನಡುವೆ ಓಡಾಡಿದ ಸಂಗತಿಗಳಲ್ಲಿ ಕಾರುಗಳೂ ಸೇರಿವೆ. ಆಕ್ಸ್‌ಫರ್ಡಿನ ಬಳಿ ಹುಟ್ಟಿದ ಒಂದು ಕಾರು ಅಂಬಾಸಡರ್ ಎಂಬ ಹೆಸರು ಪಡೆದು ನಮ್ಮ ಊರುಗಳ ಮದುವೆ ದಿಬ್ಬಣಕ್ಕೂ ಮಂತ್ರಿಗಳ ಸವಾರಿಗೂ ಒದಗಿತು. ಕಾವೆಂಟ್ರಿಯ ಇನ್ನೊಂದು ಕಾರು ಮದರಾಸಿಗೆ ಹೋಗಿ ಸ್ಟ್ಯಾಂಡರ್ಡ್ ಹೆರಾಲ್ಡ್ ಆಯಿತು. ಮೂರನೆಯದಾದ ಮಿನಿ ನಮ್ಮ ದೇಶದ ಕಾರ್ಖಾನೆಗಳಿಗೆ ಹೋಗದಿದ್ದರೂ ಇಲ್ಲಿನ ಬೀದಿಗಳಲ್ಲಿ ನಾವೆಲ್ಲ ದಿನವೂ ಕಂಡದ್ದು.

ಈ ಮೂರು ಕಾರುಗಳ ಮುಖ ಎಲ್ಲರಿಗೂ ಪರಿಚಿತ. ಬೆನ್ನು ಮಾತ್ರ ಅಪರಿಚಿತ. ಹಿಂದಿನ ಚಕ್ರಗಳನ್ನು ಕಾರಿನ ಒಡಲಿಗೆ ಕಟ್ಟಿದ ವಿಧಾನ, ಅಂದರೆ ಹಿಂದಿನ ಸಸ್ಪೆನ್ಷನ್, ಮೂರರಲ್ಲೂ ಮೂರು ಬಗೆ. ಆದ್ದರಿಂದ ಅವು ಸವೆಯುವ ರೀತಿಯೂ ಮೂರು ಬಗೆ. ಎಲ್ಲಿ ಸವೆಯಬೇಕೆಂಬುದು ಕಾರಿನ ನಕ್ಷೆ ಬರೆದ ದಿನವೇ ತೀರ್ಮಾನವಾಗಿಬಿಡುತ್ತದೆ. ಆ ಚರಿತ್ರೆ ತಿಳಿಯದೆ ರಿಪೇರಿಗೆ ಇಳಿದರೆ ಕಾಯಿಲೆಯೊಂದು, ಔಷಧಿಯೊಂದು ಆಗುತ್ತದೆ. ನಮ್ಮ ಸಂಘದಲ್ಲಿ ವೈದ್ಯರಿಗೆ ಕೊರತೆಯಿಲ್ಲವಾದ್ದರಿಂದ ಈ ಮಾತು ಬೇಗ ಅರ್ಥವಾದೀತು.

ಗಾಡಿಯಿಂದ ಆರಂಭ

ನಮ್ಮ ಎತ್ತಿನ ಗಾಡಿಗೆ ಸಸ್ಪೆನ್ಷನ್ ಎಂಬುದಿರಲಿಲ್ಲ. ಅಚ್ಚಿನ ಮೇಲೆ ನೇರವಾಗಿ ಮೂಕಿ, ಅದರ ಮೇಲೆ ಹುಲ್ಲಿನ ಮೆತ್ತೆ. ದಾರಿಯ ಪ್ರತಿ ಕಲ್ಲೂ ಕೂತವರ ಸೊಂಟಕ್ಕೆ ಲೆಕ್ಕ ಒಪ್ಪಿಸುತ್ತಿತ್ತು. ಅಚ್ಚಿಗೆ ಹಚ್ಚುವ ಕೀಲೆಣ್ಣೆಯೊಂದೇ ನಿರ್ವಹಣೆ. ಕೀಲೆಣ್ಣೆ ಒಣಗಿದರೆ ಗಾಡಿ ಕಿರುಗುಟ್ಟಿ ಊರಿಗೆಲ್ಲ ತಿಳಿಸುತ್ತಿತ್ತು. ಈ ಕೀಲೆಣ್ಣೆಯ ವಿಷಯ ಮುಂದೆ ಮಿನಿ ಕಾರಿನ ಪ್ರಸಂಗದಲ್ಲಿ ಮತ್ತೆ ಬರಲಿದೆ.

ಯುರೋಪಿನ ಸಾರೋಟುಗಳಲ್ಲಿ ಬಹುಕಾಲ ಪ್ರಯಾಣಿಕರ ಪೆಟ್ಟಿಗೆಯನ್ನು ಚರ್ಮದ ಪಟ್ಟಿಗಳಿಂದ ತೊಟ್ಟಿಲಿನಂತೆ ತೂಗುಹಾಕುತ್ತಿದ್ದರು. ಕುಲುಕು ಕಡಿಮೆಯಾದರೂ ತೂಗಾಟದಿಂದ ಹೊಟ್ಟೆ ತೊಳಸುತ್ತಿತ್ತು. 1678ರಲ್ಲಿ ರಾಬರ್ಟ್ ಹುಕ್ ಎಂಬ ವಿಜ್ಞಾನಿ ಸ್ಪ್ರಿಂಗಿನ ನಿಯಮವನ್ನು ಪ್ರಕಟಿಸಿದ. ಭಾರ ಎರಡು ಪಟ್ಟಾದರೆ ಬಾಗುವುದೂ ಎರಡು ಪಟ್ಟು ಎಂಬುದು ಅದರ ಸಾರ. ಅದಾದ ಮೇಲೆ ಒಂದೂಕಾಲು ಶತಮಾನ ಕಳೆದು, 1804ರಲ್ಲಿ ಲಂಡನ್ನಿನ ಲ್ಯಾಂಬೆತ್‌ನ ಸಾರೋಟು ತಯಾರಕ ಒಬಡಯಾ ಎಲಿಯಟ್ ಉಕ್ಕಿನ ಪಟ್ಟಿಗಳನ್ನು ಒಂದರ ಮೇಲೊಂದು ಜೋಡಿಸಿ, ಬಿಲ್ಲಿನಂತೆ ಬಾಗಿಸಿದ ಕಮಾನಿಗೆ ಪೇಟೆಂಟ್ ಪಡೆದ. ಪೆಟ್ಟಿಗೆ ಈಗ ಅಚ್ಚಿನ ಮೇಲೆಯೇ ಕಮಾನುಗಳ ಮೂಲಕ ಕೂತಿತು. ಸಾರೋಟು ಹಗುರವಾಯಿತು, ಕುದುರೆಗೂ ಕೂತವರಿಗೂ ಸುಖವಾಯಿತು.

ಇದೇ ಲೀಫ್ ಸ್ಪ್ರಿಂಗ್. ನಮ್ಮವರು ಇದನ್ನು ಕಮಾನು ಪಟ್ಟಿ ಎಂದರು. ಉತ್ತರ ಕರ್ನಾಟಕದಲ್ಲಿ ಪಾಟಾ ಎನ್ನುತ್ತಾರೆ, ಮೈಸೂರು ಕಡೆ ಬ್ಲೇಡು ಎನ್ನುತ್ತಾರೆ. ಬಸ್ಸು ಅರ್ಧ ದಾರಿಯಲ್ಲಿ ನಿಂತಾಗ "ಬ್ಲೇಡ್ ಕಟ್ಟಾಯ್ತು" ಎಂಬ ಕಂಡಕ್ಟರನ ಮಾತು ಕೇಳದ ಕನ್ನಡಿಗರು ಕಡಿಮೆ. ಹೀಗೆ ತುಂಡಾದ ಲಾರಿ ಪಟ್ಟಿಗಳನ್ನು ಕಮ್ಮಾರರು ಕಾಯಿಸಿ ಬಡಿದು ಮಚ್ಚು, ಕುಡುಗೋಲು ಮಾಡುತ್ತಾರೆ. ಅಷ್ಟು ಒಳ್ಳೆಯ ಉಕ್ಕು ಅದು.

ಮೊದಲನೆಯ ಕಾರು: ಮಾರಿಸ್ ಆಕ್ಸ್‌ಫರ್ಡ್

ಆಕ್ಸ್‌ಫರ್ಡಿನಲ್ಲಿ ಸೈಕಲ್ ರಿಪೇರಿಯಿಂದ ಜೀವನ ಆರಂಭಿಸಿದ ವಿಲಿಯಂ ಮಾರಿಸ್ 1913ರಲ್ಲಿ ತನ್ನ ಮೊದಲ ಕಾರನ್ನು ಹೊರತಂದು ಅದಕ್ಕೆ ಊರಿನ ಹೆಸರನ್ನೇ ಇಟ್ಟ. ಆ ಹೆಸರಿನ ಹಲವು ಮಾದರಿಗಳು ಬಂದವು. 1952ರಲ್ಲಿ ಮಾರಿಸ್ ಮತ್ತು ಆಸ್ಟಿನ್ ಕಂಪನಿಗಳು ಒಂದಾಗಿ ಬ್ರಿಟಿಷ್ ಮೋಟಾರ್ ಕಾರ್ಪೊರೇಷನ್ ಆಯಿತು. 1956ರಲ್ಲಿ ಬಂದ ಮಾರಿಸ್ ಆಕ್ಸ್‌ಫರ್ಡ್ ಮೂರನೇ ಶ್ರೇಣಿಯ ಕಾರು ಇಲ್ಲಿ 1959ರ ಹೊತ್ತಿಗೆ ಮೂಲೆ ಸೇರಿತು. ಕಲ್ಕತ್ತೆಯ ಬಳಿಯ ಉತ್ತರಪಾರಾದಲ್ಲಿ ಹಿಂದೂಸ್ತಾನ್ ಮೋಟಾರ್ಸ್ ಅದನ್ನೇ 1957-58ರ ಸುಮಾರಿಗೆ ಅಂಬಾಸಡರ್ ಎಂದು ತಯಾರಿಸತೊಡಗಿ, 2014ರ ಮೇ ತಿಂಗಳವರೆಗೂ ಬಿಡಲಿಲ್ಲ. ತವರುಮನೆಯಲ್ಲಿ ಮೂರು ವರ್ಷ, ಗಂಡನ ಮನೆಯಲ್ಲಿ ಅರ್ಧ ಶತಮಾನಕ್ಕೂ ಮೀರಿದ ಬಾಳು!

ಇದರ ಹಿಂಬದಿಯ ಏರ್ಪಾಡು ಸರಳ. ಎರಡು ಹಿಂದಿನ ಚಕ್ರಗಳ ನಡುವೆ ಗಟ್ಟಿಯಾದ ಒಂದೇ ಆಕ್ಸಲ್. ಅದರ ಎರಡು ತುದಿಗಳಿಗೆ ಒಂದೊಂದು ಕಮಾನು ಪಟ್ಟಿಯ ಕಟ್ಟು, ಕಾರಿನ ಉದ್ದಕ್ಕೆ. ಪಟ್ಟಿಯ ಮುಂದಿನ ತುದಿ ಒಂದು ಬುಷ್‌ನಲ್ಲಿ ಭದ್ರ. ಭಾರ ಬಿದ್ದಾಗ ಪಟ್ಟಿ ನೇರವಾಗಿ ಉದ್ದವಾಗುವುದರಿಂದ ಹಿಂದಿನ ತುದಿಗೆ ಮಾತ್ರ ಅತ್ತಿತ್ತ ಓಲಾಡುವ ಒಂದು ಕೊಂಡಿ, ಅದೇ ಷ್ಯಾಕಲ್.

ಈ ಕಮಾನು ಪಟ್ಟಿ ನಮ್ಮ ಹಳೆಯ ಕೂಡುಕುಟುಂಬದ ಹಿರಿಯ ಸೊಸೆಯಂತೆ, ಎಲ್ಲ ಕೆಲಸವೂ ಅವಳ ಪಾಲಿಗೆ. ಭಾರ ಹೊರುವುದು, ಆಕ್ಸಲ್ ಅತ್ತಿತ್ತ ಸರಿಯದಂತೆ ಹಿಡಿಯುವುದು, ಚಕ್ರದ ತಳ್ಳುಬಲವನ್ನು ಕಾರಿಗೆ ದಾಟಿಸುವುದು, ಬ್ರೇಕು ಒತ್ತಿದಾಗ ಆಕ್ಸಲ್ ತಿರುಚಿಕೊಳ್ಳದಂತೆ ತಡೆಯುವುದು. ಪಟ್ಟಿಗಳು ಒಂದಕ್ಕೊಂದು ಉಜ್ಜುವುದರಿಂದ ಕುಣಿತವನ್ನೂ ತಕ್ಕಮಟ್ಟಿಗೆ ತಾನೇ ಅಡಗಿಸುತ್ತದೆ. ಎಲ್ಲ ಕೆಲಸ ಒಂದೇ ಕಡೆ ಇರುವುದರಿಂದ ಕಾಯಿಲೆಯೂ ಅಲ್ಲೇ ಕಾಣಿಸಿಕೊಳ್ಳುತ್ತದೆ.

ಕಮಾನು ಸೋತ ಕಾರನ್ನು ಪರೀಕ್ಷಿಸುವ ಕ್ರಮ ಹೀಗಿದೆ. ಸಮತಟ್ಟಾದ ನೆಲದ ಮೇಲೆ ಕಾರು ನಿಲ್ಲಿಸಿ, ಹಿಂದಿನ ಚಕ್ರದ ನಡುವಿನಿಂದ ಮಡ್‌ಗಾರ್ಡಿನ ಅಂಚಿನವರೆಗಿನ ಎತ್ತರವನ್ನು ಎರಡೂ ಕಡೆ ಟೇಪಿನಿಂದ ಅಳೆಯಿರಿ. ಒಂದು ಕಡೆ ಗಮನಾರ್ಹವಾಗಿ ಕಡಿಮೆಯಿದ್ದರೆ ಆ ಕಡೆಯ ಕಮಾನು ಸೋತಿದೆ ಅಥವಾ ಒಂದು ಪಟ್ಟಿ ಮುರಿದಿದೆ. ಮುರಿದ ಪಟ್ಟಿ ತುಕ್ಕಿನ ಗೆರೆಯಾಗಿ ಕಾಣುತ್ತದೆ. ನಂತರ ಮುಂದಿನ ಚಕ್ರದ ನಡುವಿನಿಂದ ಹಿಂದಿನ ಚಕ್ರದ ನಡುವಿನವರೆಗೆ ಎರಡೂ ಪಕ್ಕ ಅಳೆಯಿರಿ. ಪಟ್ಟಿಗಳನ್ನು ಒಟ್ಟು ಹಿಡಿದಿರುವ ನಡುವಿನ ಬೋಲ್ಟ್ ತುಂಡಾಗಿದ್ದರೆ ಆಕ್ಸಲ್ ಒಂದು ಕಡೆ ಹಿಂದಕ್ಕೆ ಸರಿದಿರುತ್ತದೆ. ಅಂಥ ಕಾರು ಏಡಿಯಂತೆ ಓರೆಯಾಗಿ ಓಡುತ್ತದೆ. ಕ್ಲಚ್ ಬಿಟ್ಟು ಹೊರಡುವಾಗ ಹಿಂದಿನಿಂದ "ಟಕ್" ಎಂದು ಒಂದು ಸದ್ದು ಬಂದರೆ ಷ್ಯಾಕಲ್ ಬುಷ್ ಅಥವಾ ಆಕ್ಸಲನ್ನು ಕಟ್ಟಿರುವ ಯು ಬೋಲ್ಟ್‌ಗಳನ್ನು ನೋಡಬೇಕು.

ಇಲ್ಲಿ ಒಂದು ಸಾಮಾನ್ಯ ತಪ್ಪು ತಿಳಿವಳಿಕೆಯನ್ನು ಬಿಡಿಸುವುದು ಒಳ್ಳೆಯದು. ಕಾರಿನ ಹಿಂಭಾಗ ಕುಸಿದಿದೆ ಎಂದು ಶಾಕ್ ಅಬ್ಸಾರ್ಬರ್ ಬದಲಾಯಿಸಿ ದುಡ್ಡು ಕಳೆದುಕೊಳ್ಳುವವರು ಬಹಳ. ಭಾರ ಹೊರುವುದು ಸ್ಪ್ರಿಂಗ್. ಸ್ಪ್ರಿಂಗಿನ ಕುಣಿತವನ್ನು ನಿಲ್ಲಿಸುವುದಷ್ಟೇ ಶಾಕ್ ಅಬ್ಸಾರ್ಬರಿನ ಕೆಲಸ. ಕಾರಿನ ಒಂದು ಮೂಲೆಯನ್ನು ಬಲವಾಗಿ ಕೆಳಕ್ಕೊತ್ತಿ ಬಿಟ್ಟಾಗ ಅದು ಮೇಲೆದ್ದು ಸ್ಥಿರವಾಗಿ ನಿಲ್ಲಬೇಕು. ಮತ್ತೆ ಮತ್ತೆ ಕುಣಿದರೆ, ಅಥವಾ ಅದರ ಮೈಮೇಲೆ ಎಣ್ಣೆ ಒಸರಿದ್ದರೆ, ಶಾಕ್ ಅಬ್ಸಾರ್ಬರ್ ಹೋಗಿದೆ. ನಿಂತಲ್ಲೇ ಕುಸಿದಿದ್ದರೆ ಸ್ಪ್ರಿಂಗ್ ಹೋಗಿದೆ. ಜ್ವರಕ್ಕೂ ಕೀಲುನೋವಿಗೂ ಒಂದೇ ಮಾತ್ರೆ ಕೊಡಲಾದೀತೆ?

ಚಿಕಿತ್ಸೆಯೂ ಸರಳ. ಕಟ್ಟನ್ನು ಬಿಚ್ಚಿ, ಮುರಿದ ಪಟ್ಟಿ ಬದಲಾಯಿಸಿ, ಸೋತ ಪಟ್ಟಿಗಳಿಗೆ ಮತ್ತೆ ಬಾಗು ಕೊಟ್ಟು, ಬುಷ್ ಹೊಸದು ಹಾಕಿ ಕಟ್ಟಿದರಾಯಿತು. ನಮ್ಮಲ್ಲಿ ಲಾರಿ ಸ್ಟ್ಯಾಂಡಿನ ಪಕ್ಕದ ಕಮಾನು ಅಂಗಡಿಯವರು ಕುಲುಮೆ, ಅಡಿಗಲ್ಲು, ಸುತ್ತಿಗೆ ಇಟ್ಟುಕೊಂಡೇ ಈ ಕೆಲಸ ಮಾಡಿಬಿಡುತ್ತಾರೆ. ಒಂದು ಕಡೆ ಮಾತ್ರ ಮಾಡಿದರೆ ಕಾರು ಓರೆಯಾಗುವುದರಿಂದ ಎರಡೂ ಕಡೆ ಮಾಡಿಸಬೇಕು. ಹೆಚ್ಚು ಭಾರ ಹೊರಲೆಂದು ಸುಮ್ಮನೆ ಒಂದು ಪಟ್ಟಿ ಸೇರಿಸಿದರೆ ಕಾರು ಎದ್ದು ನಿಲ್ಲುತ್ತದೆ, ಆದರೆ ಕೂತವರ ಸೊಂಟಕ್ಕೆ ಎತ್ತಿನ ಗಾಡಿಯ ಸುಖ ವಾಪಸಾಗುತ್ತದೆ.

ಅಂಬಾಸಡರ್ ಅಷ್ಟು ಕಾಲ ಬಾಳಿದ್ದಕ್ಕೆ ಪೈಪೋಟಿ ಇಲ್ಲದ ಮಾರುಕಟ್ಟೆ ಒಂದು ಕಾರಣ ನಿಜ. ಆದರೆ ಯಾವ ತಾಲ್ಲೂಕಿನ ಕಮ್ಮಾರನೂ ಅದರ ಬೆನ್ನನ್ನು ಸರಿಮಾಡಬಲ್ಲವನಾಗಿದ್ದ ಎಂಬುದೂ ಅಷ್ಟೇ ನಿಜ.

ಎರಡನೆಯದು: ಟ್ರಯಂಫ್ ಹೆರಾಲ್ಡ್

1959ನೆಯ ವರ್ಷ ಬ್ರಿಟನ್ನಿನ ಸಣ್ಣ ಕಾರುಗಳ ಪಾಲಿಗೆ ದೊಡ್ಡ ವರ್ಷ. ಏಪ್ರಿಲಿನಲ್ಲಿ ಕಾವೆಂಟ್ರಿಯ ಸ್ಟ್ಯಾಂಡರ್ಡ್-ಟ್ರಯಂಫ್ ಕಂಪನಿ ಹೆರಾಲ್ಡ್ ಕಾರನ್ನು ಬಿಡುಗಡೆ ಮಾಡಿತು. ಅದರ ಚೆಲುವಾದ ಮೈಯನ್ನು ರೂಪಿಸಿದವನು ಇಟಲಿಯ ಮೈಕೆಲೊಟ್ಟಿ. ಹಿಂದಿನ ಎರಡು ಚಕ್ರಗಳೂ ಒಂದರ ಹಂಗಿಲ್ಲದೆ ಇನ್ನೊಂದು ಏರಿಳಿಯಬೇಕು ಎಂಬುದು ಇದರ ಹೊಸತನ. ಒಂದು ಚಕ್ರ ಗುಂಡಿಗೆ ಬಿದ್ದರೆ ಇನ್ನೊಂದು ಓರೆಯಾಗಬಾರದು ಎಂಬ ಒಳ್ಳೆಯ ಉದ್ದೇಶ.

ಖರ್ಚು ಕಡಿಮೆ ಮಾಡಲು ಅವರು ಹಿಡಿದ ದಾರಿ ಹೀಗಿತ್ತು. ಡಿಫರೆನ್ಷಿಯಲ್ ಪೆಟ್ಟಿಗೆಯನ್ನು ಛಾಸಿಗೆ ಬಿಗಿದು, ಅದರ ನೆತ್ತಿಯ ಮೇಲೆ ಕಾರಿನ ಅಡ್ಡಕ್ಕೆ ಒಂದೇ ಕಮಾನು ಪಟ್ಟಿ ಕಟ್ಟಿದರು. ಪಟ್ಟಿಯ ಎರಡು ತುದಿಗಳು ಎರಡು ಚಕ್ರಗಳಿಗೆ. ಪೆಟ್ಟಿಗೆಯಿಂದ ಹೊರಟ ಅರ್ಧ ಆಕ್ಸಲ್‌ಗಳು ಹಕ್ಕಿಯ ರೆಕ್ಕೆಯಂತೆ ಬುಡದಲ್ಲಿ ಮಾತ್ರ ಮಡಚುತ್ತವೆ. ಇದೇ ಸ್ವಿಂಗ್ ಆಕ್ಸಲ್. ರೆಕ್ಕೆ ಏರಿದರೆ ಚಕ್ರದ ತಲೆ ಒಳಕ್ಕೆ ವಾಲುತ್ತದೆ. ರೆಕ್ಕೆ ಇಳಿದರೆ ಚಕ್ರದ ಕಾಲು ಒಳಕ್ಕೆ ಮಡಚುತ್ತದೆ.

ಕಷ್ಟವಿದ್ದದ್ದು ಇಲ್ಲಿಯೇ. ವೇಗವಾಗಿ ತಿರುವು ತೆಗೆದುಕೊಳ್ಳುತ್ತಿರುವಾಗ ಚಾಲಕ ಗಾಬರಿಯಿಂದ ಆಕ್ಸಿಲರೇಟರಿನಿಂದ ಕಾಲು ತೆಗೆದರೆ ಕಾರಿನ ಹಿಂಭಾಗ ಮೇಲೇಳುತ್ತದೆ, ಹೊರಗಿನ ಹಿಂಚಕ್ರ ಕೆಳಗೆ ಮಡಚಿಕೊಳ್ಳುತ್ತದೆ, ಟಯರಿನ ಹಿಡಿತ ಇದ್ದಕ್ಕಿದ್ದಂತೆ ಕಡಿಮೆಯಾಗಿ ಕಾರಿನ ಬಾಲ ಹೊರಕ್ಕೆ ಹಾರುತ್ತದೆ. ಮುಂದಿನ ಚಕ್ರಗಳಷ್ಟೇ ಕಾರನ್ನು ತಿರುಗಿಸುತ್ತವೆ ಎಂದು ನಾವು ತಿಳಿದಿರುತ್ತೇವೆ. ಹಿಂದಿನ ಚಕ್ರದ ಕೋನ ಬದಲಾದರೆ ಹಿಂದಿನಿಂದಲೂ ಕಾರು ತಿರುಗುತ್ತದೆ, ಅದೂ ಚಾಲಕನ ಅಪ್ಪಣೆಯಿಲ್ಲದೆ. ಅದೇ ಹಿಂಬದಿಯನ್ನು ಹೊತ್ತ, ಹೆಚ್ಚು ವೇಗದ ಕಾರುಗಳು ಬಂದಾಗ ಟೀಕೆಗಳು ಹೆಚ್ಚಾದವು. 1968ರಲ್ಲಿ ಜಿಟಿ6 ಕಾರಿಗೆ ಬೇರೆಯೇ ಏರ್ಪಾಡು ಮಾಡಿದರು. 1970ರಲ್ಲಿ ಸ್ಪಿಟ್‌ಫೈರ್ ಕಾರಿನ ಅಡ್ಡ ಕಮಾನಿನ ಪಟ್ಟಿಗಳಲ್ಲಿ ಹೆಚ್ಚಿನವನ್ನು ನಡುವೆ ತಕ್ಕಡಿಯಂತೆ ಓಲಾಡಲು ಬಿಟ್ಟು ದೋಷವನ್ನು ಬಹುಮಟ್ಟಿಗೆ ನೀಗಿದರು.

ಮದರಾಸಿನಲ್ಲಿ ಕಥೆ ಬೇರೆ ದಾರಿ ಹಿಡಿಯಿತು. ಸ್ಟ್ಯಾಂಡರ್ಡ್ ಮೋಟಾರ್ ಪ್ರಾಡಕ್ಟ್ಸ್ ಕಂಪನಿ 1960ರ ದಶಕದ ಮೊದಲಲ್ಲಿ ಈ ಕಾರನ್ನು ಸ್ಟ್ಯಾಂಡರ್ಡ್ ಹೆರಾಲ್ಡ್ ಎಂದು ತಯಾರಿಸಲು ಆರಂಭಿಸಿತು. ಬೆಂಗಳೂರು, ಮೈಸೂರಿನ ಹಿರಿಯರಿಗೆ ಅದರ ನೆನಪಿದ್ದೇ ಇರುತ್ತದೆ. ಆದರೆ ನಮ್ಮ ಮಾಲೀಕರಿಗೂ ಮೆಕ್ಯಾನಿಕ್ಕುಗಳಿಗೂ ಸ್ವಿಂಗ್ ಆಕ್ಸಲ್ ಹಿಡಿಸಲಿಲ್ಲ. ಕೊನೆಗೆ 1972ರಲ್ಲಿ ಅದೇ ಕಾರನ್ನು ಬದಲಾಯಿಸಿ ಗೆಜಲ್ ಎಂಬ ಹೆಸರಿನಲ್ಲಿ ತಂದಾಗ, ಹಿಂದೆ ಮತ್ತೆ ಹಳೆಯ ಗಟ್ಟಿ ಆಕ್ಸಲನ್ನೇ ಹಾಕಿದರು. ಪುಸ್ತಕದ ದೃಷ್ಟಿಯಿಂದ ಇದು ಹಿಮ್ಮೆಟ್ಟಿದಂತೆ. ಗುಂಡಿ ಬಿದ್ದ ರಸ್ತೆಯಲ್ಲಿ, ಗುರುತಿನ ಮೆಕ್ಯಾನಿಕ್ಕಿನ ಕೈಯಲ್ಲಿ ಕಾರು ಬಾಳಬೇಕಾದಾಗ ಅದೇ ವಿವೇಕ.

ಹೆರಾಲ್ಡಿನ ಕಾಯಿಲೆಯನ್ನು ಹಿಂದಿನಿಂದ ನೋಡಿದರೆ ಸಾಕು. ಅಡ್ಡ ಕಮಾನು ಸೋತಾಗ ಹಿಂಭಾಗ ಕುಸಿದು, ಎರಡು ಚಕ್ರಗಳ ತಲೆಗಳೂ ಒಳಕ್ಕೆ ವಾಲಿ, ಕಾರು ಕಾಲು ಅಗಲಿಸಿ ನಿಂತಂತೆ ಕಾಣುತ್ತದೆ. ಟಯರುಗಳ ಒಳ ಅಂಚು ಬೇಗ ಸವೆಯುತ್ತದೆ. ಒಂದೇ ಕಮಾನು ಎರಡೂ ಚಕ್ರಗಳನ್ನು ಹೊರುವುದರಿಂದ ವಾಲಿಕೆ ಸಾಮಾನ್ಯವಾಗಿ ಎರಡೂ ಕಡೆ ಇರುತ್ತದೆ ಎಂಬುದನ್ನು ನೆನಪಿಡಿ. ಔಷಧಿ ಹೊಸ ಕಮಾನು. ಹಿಂದಿನ ಸೀಟಿನ ಜಾಗದ ಮುಚ್ಚಳ ತೆಗೆದರೆ ಕಮಾನನ್ನು ಡಿಫರೆನ್ಷಿಯಲ್ ಪೆಟ್ಟಿಗೆಗೆ ಬಿಗಿದಿರುವ ನಟ್ಟುಗಳು ಕೈಗೆ ಸಿಗುತ್ತವೆ. ಆ ಕೆಲಸಕ್ಕಿಳಿದಾಗ ಚಕ್ರದ ಬಳಿಯ ಬುಷ್‌ಗಳನ್ನೂ ನೋಡಿಬಿಡುವುದು ಜಾಣತನ.

ಮೂರನೆಯದು: ಮಿನಿ

1956ರ ಜುಲೈನಲ್ಲಿ ಈಜಿಪ್ಟ್ ಸೂಯೆಜ್ ಕಾಲುವೆಯನ್ನು ರಾಷ್ಟ್ರೀಕರಣ ಮಾಡಿತು. ಯುದ್ಧ ನಡೆದು ಕಾಲುವೆ ಮುಚ್ಚಿತು. ಡಿಸೆಂಬರಿನಿಂದ ಮರುವರ್ಷದ ಮೇವರೆಗೆ ಬ್ರಿಟನ್ನಿನಲ್ಲಿ ಪೆಟ್ರೋಲಿಗೆ ರೇಷನ್ ಬಂತು. ಬ್ರಿಟಿಷ್ ಮೋಟಾರ್ ಕಾರ್ಪೊರೇಷನ್ನಿನ ಮುಖ್ಯಸ್ಥ ಲೆನರ್ಡ್ ಲಾರ್ಡ್ ಕಡಿಮೆ ಪೆಟ್ರೋಲ್ ಕುಡಿಯುವ ಸರಿಯಾದ ಸಣ್ಣ ಕಾರು ಬೇಕೆಂದ. ಆ ಹೊಣೆ ಬಿದ್ದದ್ದು ಅಲೆಕ್ ಇಸಿಗೋನಿಸ್ ಮೇಲೆ. 1906ರಲ್ಲಿ ಸ್ಮರ್ನಾದಲ್ಲಿ, ಅಂದರೆ ಇಂದಿನ ತುರ್ಕಿಯ ಇಜ್ಮಿರ್‌ನಲ್ಲಿ ಹುಟ್ಟಿ, ಅಲ್ಲಿನ ಯುದ್ಧದ ಕಾರಣ ಊರು ಬಿಟ್ಟು ತಾಯಿಯೊಡನೆ ಇಂಗ್ಲೆಂಡಿಗೆ ಬಂದವನು ಆತ. ಬ್ರಿಟನ್ನಿನ ಅತ್ಯಂತ ಪ್ರಸಿದ್ಧ ಕಾರನ್ನು ಕೊಟ್ಟವನೂ ನಮ್ಮಂತೆ ಹೊರಗಿನಿಂದ ಬಂದು ನೆಲೆಸಿದವನೇ.

1959ರ ಆಗಸ್ಟ್ 26ರಂದು ಬಿಡುಗಡೆಯಾದ ಮಿನಿಯ ಉದ್ದ 10 ಅಡಿ. ಚಕ್ರದ ರಿಮ್ 10 ಅಂಗುಲ. ತೂಕ ಸುಮಾರು 600 ಕಿಲೋ. ಈಗ ಒಂದು ಲೆಕ್ಕ ಹಾಕೋಣ. ಅದರೊಳಗೆ 70 ಕಿಲೋ ತೂಕದ ನಾಲ್ವರು ಕೂತರೆ 280 ಕಿಲೋ, ಎಂದರೆ ಕಾರಿನ ತೂಕದ ಅರ್ಧಕ್ಕೆ ಹತ್ತಿರ. ದೊಡ್ಡ ಕಾರಿನಲ್ಲಿ ನಾಲ್ಕು ಜನ ಹತ್ತಿದರೆ ಅಷ್ಟೇನೂ ವ್ಯತ್ಯಾಸವಾಗದು. ಇಲ್ಲಿ ಹುಕ್‌ನ ನಿಯಮ ಅಡ್ಡ ಬರುತ್ತದೆ. ಚಾಲಕ ಒಬ್ಬನೇ ಇದ್ದಾಗ ಸುಖವೆನಿಸುವಷ್ಟು ಮೆದುವಾದ ಉಕ್ಕಿನ ಸ್ಪ್ರಿಂಗ್ ಹಾಕಿದರೆ ನಾಲ್ವರು ಹತ್ತಿದಾಗ ಕಾರು ನೆಲಕ್ಕೆ ಕೂರುತ್ತದೆ. ನಾಲ್ವರಿಗೆ ಸರಿಯಾದ ಸ್ಪ್ರಿಂಗ್ ಹಾಕಿದರೆ ಒಬ್ಬನಿಗೆ ಕಲ್ಲಿನಂತೆ ಗಟ್ಟಿ. ಒತ್ತಿದಷ್ಟೂ ಇನ್ನಷ್ಟು ಬಿಗಿಯಾಗುತ್ತ ಹೋಗುವ, ಬಹಳ ಕಡಿಮೆ ಜಾಗ ಹಿಡಿಯುವ ಸ್ಪ್ರಿಂಗ್ ಬೇಕಿತ್ತು.

ಉತ್ತರ ಸಿಕ್ಕಿದ್ದು ರಬ್ಬರಿನಲ್ಲಿ. ವಿಲ್ಟ್‌ಷೈರಿನ ಬ್ರಾಡ್‌ಫರ್ಡ್-ಆನ್-ಏವನ್ ಎಂಬ ಪುಟ್ಟ ಊರಿನಲ್ಲಿ 1848ರಿಂದ ರಬ್ಬರ್ ಕಾರ್ಖಾನೆ ನಡೆಸಿದ ಮನೆತನ ಮೌಲ್ಟನ್ನರದು. ಆ ಮನೆತನದ ಅಲೆಕ್ಸ್ ಮೌಲ್ಟನ್ (1920-2012) ಇಸಿಗೋನಿಸ್‌ನ ಗೆಳೆಯ. 1962ರಲ್ಲಿ ಚಿಕ್ಕ ಚಕ್ರದ ಸೈಕಲ್ ತಂದು ಹೆಸರಾದವನೂ ಇವನೇ. ಆತ ಮಿನಿಗಾಗಿ ಶಂಕುವಿನಾಕಾರದ ರಬ್ಬರ್ ಸ್ಪ್ರಿಂಗ್ ರೂಪಿಸಿದ. ಕೈಯಲ್ಲಿ ಹಿಡಿಯಬಹುದಾದಷ್ಟು ಚಿಕ್ಕದು. ಒತ್ತಿದಷ್ಟೂ ಬಿಗಿಯಾಗುವುದು ಅದರ ಗುಣ.

ಹಿಂಬದಿಯಲ್ಲಿ ಉಕ್ಕಿನ ಒಂದು ಸಬ್‌ಫ್ರೇಮ್. ಅದರ ಎರಡು ಪಕ್ಕ ಎರಡು ತೋಳುಗಳು, ರೇಡಿಯಸ್ ಆರ್ಮ್ ಎಂದು ಹೆಸರು. ತೋಳಿನ ತುದಿಗೆ ಚಕ್ರ, ಬುಡದಲ್ಲಿ ಒಂದು ಅಡ್ಡ ಶಾಫ್ಟ್. ಚಕ್ರ ಮೇಲೇರಿದಾಗ ತೋಳು ಆ ಶಾಫ್ಟಿನ ಸುತ್ತ ತಿರುಗಿ, ತುತ್ತೂರಿಯಾಕಾರದ ಒಂದು ಲೋಹದ ತುಂಡಿನ ಮೂಲಕ, ಮಲಗಿಸಿಟ್ಟ ರಬ್ಬರ್ ಶಂಕುವನ್ನು ಒತ್ತುತ್ತದೆ. ಎಲ್ಲವೂ ಸೀಟಿನ ಕೆಳಗೆ ಅಡಗಿ, ಡಿಕ್ಕಿಗೂ ಜನರಿಗೂ ಜಾಗ ಉಳಿಯಿತು. 1964ರಲ್ಲಿ ರಬ್ಬರಿನ ಜೊತೆಗೆ ದ್ರವ ತುಂಬಿದ ಹೈಡ್ರೊಲಾಸ್ಟಿಕ್ ಏರ್ಪಾಡನ್ನು ಮಿನಿಗೆ ತಂದರಾದರೂ, 1970ರ ಆಸುಪಾಸಿನಲ್ಲಿ ಮತ್ತೆ ರಬ್ಬರ್ ಶಂಕುವಿಗೇ ಮರಳಿದರು. 2000ದ ಅಕ್ಟೋಬರಿನಲ್ಲಿ ಕೊನೆಯ ಮಿನಿ ಹೊರಬರುವವರೆಗೆ, 53 ಲಕ್ಷಕ್ಕೂ ಹೆಚ್ಚು ಕಾರುಗಳಾದವು.

ಇನ್ನು ಸವೆತದ ವಿಚಾರ. ಮಿನಿಯ ಹಿಂಬದಿಯಲ್ಲಿ ಮೂರು ಕಾಯಿಲೆಗಳು ಮುಖ್ಯ. ಮೂರೂ ಗುಟ್ಟಾಗಿ ಬರುವಂಥವು.

ಮೊದಲನೆಯದು ರಬ್ಬರಿನದು. ವರ್ಷಗಳ ಭಾರದಿಂದ ಶಂಕು ಚಪ್ಪಟೆಯಾಗಿ ಹಾಗೆಯೇ ಉಳಿದುಬಿಡುತ್ತದೆ. ಕಾರು ತಗ್ಗುತ್ತದೆ, ಸವಾರಿ ಗಟ್ಟಿಯಾಗುತ್ತದೆ. ದಿನಕ್ಕೆ ಕೂದಲೆಳೆಯಷ್ಟು ಕುಸಿಯುವುದರಿಂದ ಮಾಲೀಕನಿಗೆ ಗೊತ್ತೇ ಆಗುವುದಿಲ್ಲ.

ಎರಡನೆಯದು ತೋಳಿನ ಬುಡದ್ದು. ಶಾಫ್ಟಿನ ಒಳತುದಿಯಲ್ಲಿ ಸೂಜಿ ಬೇರಿಂಗ್, ಹೊರತುದಿಯಲ್ಲಿ ಕಂಚಿನ ಬುಷ್. ಇವುಗಳಿಗೆ ಶಾಫ್ಟಿನ ಹೊರತುದಿಯ ನಿಪ್ಪಲ್ ಮೂಲಕ ನಿಯಮಿತವಾಗಿ ಗ್ರೀಸ್ ತುಂಬಬೇಕು. ಇದೇ ಮಿನಿಯ ಕೀಲೆಣ್ಣೆ. ತಪ್ಪಿದರೆ ನೀರು ಹೊಕ್ಕು ಬೇರಿಂಗ್ ತುಕ್ಕು ಹಿಡಿದು ಶಾಫ್ಟನ್ನೇ ತಿನ್ನುತ್ತದೆ. ಆಗ ತೋಳು ಸಡಿಲವಾಗಿ ಹಿಂಚಕ್ರದ ತಲೆ ಒಳಕ್ಕೆ ವಾಲುತ್ತದೆ, ಟಯರಿನ ಒಳ ಅಂಚು ಸವೆಯುತ್ತದೆ, ಗುಂಡಿಯಲ್ಲಿ ಕಿರುಗುಟ್ಟುತ್ತದೆ. ಹೆರಾಲ್ಡಿನಲ್ಲೂ ಚಕ್ರದ ತಲೆ ಒಳಕ್ಕೆ ವಾಲುತ್ತಿತ್ತಲ್ಲವೇ? ಅಲ್ಲಿ ಕಾರಣ ಸೋತ ಕಮಾನು, ಇಲ್ಲಿ ಒಣಗಿದ ಬೇರಿಂಗ್. ಲಕ್ಷಣ ಒಂದೇ, ರೋಗ ಬೇರೆ. ಚರಿತ್ರೆ ತಿಳಿದಿರಬೇಕು ಎಂದು ಮೊದಲು ಹೇಳಿದ್ದು ಇದಕ್ಕೇ.

ಇದನ್ನು ಖಚಿತಪಡಿಸಿಕೊಳ್ಳುವ ಪರೀಕ್ಷೆ ಸೊಗಸಾದದ್ದು. ಮುಂದಿನ ಚಕ್ರಗಳಿಗೆ ಅಡ್ಡಗಟ್ಟೆ ಇಡಿ. ಹ್ಯಾಂಡ್‌ಬ್ರೇಕ್ ಹಿಂದಿನ ಚಕ್ರಗಳಿಗೆ ಮಾತ್ರ ಇರುವುದರಿಂದ ಅವು ಮೇಲೆದ್ದಾಗ ಅದು ಉಪಯೋಗಕ್ಕಿಲ್ಲ. ಹಿಂಭಾಗವನ್ನು ಜಾಕಿನಿಂದ ಎತ್ತಿ ಗಟ್ಟಿಯಾದ ಸ್ಟ್ಯಾಂಡಿನ ಮೇಲೆ ಕೂರಿಸಿ. ಬರೀ ಜಾಕನ್ನು ನಂಬಿ ಯಾರೂ ಕಾರಿನ ಕೆಳಗೆ ತಲೆ ಹಾಕಬಾರದು. ಚಕ್ರವನ್ನು ಮೇಲೆ ಒಂದು ಕೈ, ಕೆಳಗೆ ಒಂದು ಕೈ ಹಿಡಿದು ಒಳಕ್ಕೂ ಹೊರಕ್ಕೂ ಅಲುಗಿಸಿ. ಅಲುಗಾಟ ಇದ್ದರೆ ಮನೆಯವರೊಬ್ಬರನ್ನು ಒಳಗೆ ಕೂರಿಸಿ ಕಾಲಿನ ಬ್ರೇಕನ್ನು ಒತ್ತಿಹಿಡಿಯಲು ಹೇಳಿ. ಈಗ ಅಲುಗಾಟ ನಿಂತರೆ ದೋಷ ಚಕ್ರದ ಬೇರಿಂಗಿನದು. ಆಗಲೂ ಅಲುಗಿದರೆ ತೋಳಿನ ಬುಡದ್ದು. ಬ್ರೇಕು ಡ್ರಮ್ಮನ್ನು ತೋಳಿಗೆ ಕಚ್ಚಿ ಹಿಡಿಯುವುದರಿಂದ ಚಕ್ರದ ಬೇರಿಂಗಿನ ಸಡಿಲ ಮರೆಯಾಗುತ್ತದೆ, ತೋಳಿನದು ಮರೆಯಾಗುವುದಿಲ್ಲ. ಸಂಧಿವಾತದ ರೋಗಿಯ ಮೊಣಕಾಲನ್ನು ಒಂದು ಕೈಯಲ್ಲಿ ಹಿಡಿದು ಸೊಂಟವನ್ನು ಪರೀಕ್ಷಿಸುವ ವೈದ್ಯರ ಕ್ರಮವೇ ಇದು.

ರಿಪೇರಿಗೆ ತೋಳನ್ನು ಹೊರತೆಗೆಯಬೇಕು. ಶಾಕ್ ಅಬ್ಸಾರ್ಬರ್ ಬಿಚ್ಚಬೇಕು. ಎಡಗಡೆಯದರ ಮೇಲಿನ ನಟ್ಟು ಡಿಕ್ಕಿಯಲ್ಲಿರುವ ಪೆಟ್ರೋಲ್ ಟ್ಯಾಂಕಿನ ಹಿಂದೆ ಅಡಗಿರುವುದರಿಂದ ಟ್ಯಾಂಕನ್ನು ಸರಿಸಬೇಕು, ಬೆಂಕಿಯ ವಿಷಯದಲ್ಲಿ ಎಚ್ಚರವಿರಲಿ. ಬ್ರೇಕ್ ಪೈಪು, ಹ್ಯಾಂಡ್‌ಬ್ರೇಕ್ ಕೇಬಲ್ ಕಳಚಬೇಕು. ತೋಳು ಇಳಿದಾಗ ತುತ್ತೂರಿ ಕೈಗೇ ಬರುತ್ತದೆ. ರಬ್ಬರ್ ಶಂಕು ಬದಲಾಯಿಸಲು ಅದೇ ಸಮಯ. ಹೊಸ ಕಂಚಿನ ಬುಷ್ ಕೂರಿಸಿದ ಮೇಲೆ ಅದರ ರಂಧ್ರವನ್ನು ಒಳಗಿನ ಬೇರಿಂಗಿನ ನೇರಕ್ಕೇ ಸರಿಯಾದ ಅಳತೆಗೆ ಕೊರೆಯಬೇಕು. ಇದಕ್ಕೆ ವಿಶೇಷ ರೀಮರ್ ಬೇಕಾದ್ದರಿಂದ ಬಹಳ ಜನ ಸಿದ್ಧಪಡಿಸಿದ ತೋಳನ್ನೇ ಹಳೆಯದಕ್ಕೆ ಬದಲಾಗಿ ಕೊಂಡು ಹಾಕಿಕೊಳ್ಳುತ್ತಾರೆ. ಕೊನೆಗೆ ಬ್ರೇಕಿನ ಗಾಳಿ ತೆಗೆಯಬೇಕು. ಹೈಡ್ರೊಲಾಸ್ಟಿಕ್ ಕಾರಾದರೆ ಮೊದಲು ಗರಾಜಿನಲ್ಲಿ ದ್ರವದ ಒತ್ತಡ ಇಳಿಸದೆ ಯಾವುದಕ್ಕೂ ಕೈಹಾಕಬಾರದು.

ಮೂರನೆಯದು ಎಲ್ಲಕ್ಕಿಂತ ಅಪಾಯದ್ದು, ಸಬ್‌ಫ್ರೇಮಿನ ತುಕ್ಕು. ಇಲ್ಲಿ ಚಳಿಗಾಲದಲ್ಲಿ ರಸ್ತೆಗೆ ಎರಚುವ ಉಪ್ಪು ಕೆಸರಿನೊಡನೆ ಸೇರಿ ಅದರ ಪೊಳ್ಳು ಉಕ್ಕಿನೊಳಗೆ ಕೂರುತ್ತದೆ. ಮೇಲೆ ಕಪ್ಪು ಬಣ್ಣ ಹಾಗೆಯೇ ಇದ್ದು ಒಳಗೆ ಹಪ್ಪಳವಾಗಿರುತ್ತದೆ. ತೋಳು, ರಬ್ಬರು, ಚಕ್ರ ಎಲ್ಲವನ್ನೂ ಹಿಡಿದಿರುವುದು ಅದೇ. ಸ್ಕ್ರೂಡ್ರೈವರಿನ ಹಿಡಿಯಿಂದ ತಟ್ಟಿ ನೋಡಿ. ಗಟ್ಟಿ ಉಕ್ಕು ಟಣ್ ಎನ್ನುತ್ತದೆ, ಕೊಳೆತದ್ದು ಮಡಕೆ ಒಡಕಿನಂತೆ ಸದ್ದು ಮಾಡುತ್ತದೆ. ಕೊಳೆತಿದ್ದರೆ ತೇಪೆ ಹಾಕದೆ ಪೂರ್ತಿ ಬದಲಾಯಿಸುವುದೇ ಸರಿ.

ಸರ್ಕಾರದ ಕಣ್ಣು, ನಮ್ಮ ಕಣ್ಣು

ಅಂಬಾಸಡರಿನ ಮುರಿದ ಪಟ್ಟಿ ಕಣ್ಣಿಗೆ ಕಾಣುತ್ತಿತ್ತು, ಕಿವಿಗೆ ಕೇಳುತ್ತಿತ್ತು. ಮಿನಿಯ ಸವೆತ ಹಾಗೆ ಸುಲಭವಾಗಿ ಕಾಣದು. ಕಾರುಗಳು ಹೆಚ್ಚಿ, ಅವುಗಳ ಕಾಯಿಲೆಗಳು ಒಳಗೊಳಗೇ ಸೇರಿಕೊಂಡ ಕಾಲಕ್ಕೇ ಬ್ರಿಟಿಷ್ ಸರ್ಕಾರ ವಾಹನಗಳ ಪರೀಕ್ಷೆಯನ್ನು ಜಾರಿಗೆ ತಂದದ್ದು ಗಮನಾರ್ಹ. 1960ರಲ್ಲಿ ಆರಂಭವಾದ ಎಂಒಟಿ ಪರೀಕ್ಷೆ ಮೊದಲಿಗೆ 10 ವರ್ಷ ಮೀರಿದ ಕಾರುಗಳಿಗೆ, ಬ್ರೇಕು, ದೀಪ, ಸ್ಟಿಯರಿಂಗ್‌ಗಳಿಗಷ್ಟೇ ಇತ್ತು. ಮರುವರ್ಷವೇ ಅವಧಿ 7 ವರ್ಷಕ್ಕೆ, 1967ರಲ್ಲಿ 3 ವರ್ಷಕ್ಕೆ ಇಳಿಯಿತು. 1977ರಲ್ಲಿ ಒಡಲಿನ ಮತ್ತು ಛಾಸಿಯ ಗಟ್ಟಿತನದ ಪರೀಕ್ಷೆಯೂ ಸೇರಿತು. ತುಕ್ಕು ತಿಂದ ಹಿಂಬದಿಯ ಸಬ್‌ಫ್ರೇಮಿನಿಂದಾಗಿ ಪರೀಕ್ಷೆಯಲ್ಲಿ ನಪಾಸಾಗುವುದು ಮಿನಿಗೆ ಅಂಟಿದ ಹೆಸರಾಯಿತು. ವರ್ಷಕ್ಕೊಮ್ಮೆಯಾದರೂ ತಿಳಿದವರೊಬ್ಬರು ಕಾರಿನ ತಳದಲ್ಲಿ ದೀಪ ಹಿಡಿದು ನೋಡುತ್ತಾರೆ ಎಂಬ ಭರವಸೆ ಮಾಲೀಕರಿಗೆ ಬಂತು.

ಆದರೆ 2018ರ ಮೇ 20ರಿಂದ ಇಂಗ್ಲೆಂಡ್, ಸ್ಕಾಟ್ಲೆಂಡ್, ವೇಲ್ಸ್‌ಗಳಲ್ಲಿ 40 ವರ್ಷ ದಾಟಿದ, ದೊಡ್ಡ ಮಾರ್ಪಾಡು ಮಾಡದ ಕಾರುಗಳಿಗೆ ಈ ಪರೀಕ್ಷೆ ಕಡ್ಡಾಯವಲ್ಲ. ಇಂಥ ಕಾರುಗಳನ್ನು ಅವುಗಳ ಮಾಲೀಕರು ಚೆನ್ನಾಗಿ ನೋಡಿಕೊಳ್ಳುತ್ತಾರೆ, ಕಡಿಮೆ ಓಡಿಸುತ್ತಾರೆ ಎಂಬುದು ಇದಕ್ಕೆ ಕೊಟ್ಟ ಕಾರಣ. ಓಡಿಸುವುದು ಕಡಿಮೆಯಾದರೂ ತುಕ್ಕು ರಜೆ ಹಾಕುವುದಿಲ್ಲ, ರಬ್ಬರಿಗೆ ವಯಸ್ಸಾಗುವುದು ನಿಲ್ಲುವುದಿಲ್ಲ. ಪರೀಕ್ಷೆ ಇಲ್ಲವೆಂದ ಮಾತ್ರಕ್ಕೆ ಹೊಣೆ ತಪ್ಪಿದಂತೆಯೂ ಅಲ್ಲ. ಅಪಾಯಕರ ಸ್ಥಿತಿಯ ವಾಹನ ಓಡಿಸಿದರೆ 2,500 ಪೌಂಡ್‌ವರೆಗೆ ದಂಡ, ಲೈಸೆನ್ಸಿನ ಮೇಲೆ 3 ಪಾಯಿಂಟ್ ಬೀಳಬಹುದು. ದಂಡದ ಮಾತು ಹಾಗಿರಲಿ, ಆ ಸಬ್‌ಫ್ರೇಮಿನ ಮೇಲಿನ ಸೀಟಿನಲ್ಲಿ ಕೂರುವವರು ಸಾಮಾನ್ಯವಾಗಿ ನಮ್ಮ ಮಕ್ಕಳು, ಮೊಮ್ಮಕ್ಕಳು.

ಆದ್ದರಿಂದ ಹಳೆಯ ಕಾರನ್ನು ಪ್ರೀತಿಯಿಂದ ಇಟ್ಟುಕೊಂಡವರಿಗೆ, ಮಕ್ಕಳ ಆಸೆಗೆ ಒಂದು ಹಳೆಯ ಮಿನಿ ಕೊಳ್ಳಲು ಹೊರಟವರಿಗೆ ಒಂದೇ ವಿನಂತಿ. ಕಡ್ಡಾಯವಲ್ಲದಿದ್ದರೂ ವರ್ಷಕ್ಕೊಮ್ಮೆ ಎಂಒಟಿ ಪರೀಕ್ಷೆ ಮಾಡಿಸಿ, ಸ್ವಇಚ್ಛೆಯಿಂದ ಬಂದವರನ್ನು ಅವರು ಬೇಡವೆನ್ನುವುದಿಲ್ಲ. ಕೊಳ್ಳುವ ಮೊದಲು ಹೊಳೆಯುವ ಮುಂಭಾಗ ನೋಡಿ ಮರುಳಾಗದೆ ಹಿಂದೆ ಹೋಗಿ ನಿಂತು ಎರಡು ಚಕ್ರಗಳ ನಿಲುವು ನೋಡಿ, ಟಯರಿನ ಒಳ ಅಂಚಿನ ಮೇಲೆ ಕೈಯಾಡಿಸಿ, ಸಬ್‌ಫ್ರೇಮನ್ನು ತಟ್ಟಿ ನೋಡಿ. ಗ್ರೀಸ್ ಗನ್ ಒಂದನ್ನು ಮನೆಯಲ್ಲಿಟ್ಟುಕೊಂಡು ಆ ಎರಡು ನಿಪ್ಪಲ್‌ಗಳಿಗೆ ಕೀಲೆಣ್ಣೆ ತಪ್ಪಿಸಬೇಡಿ. ಮುಂದಿನ ಸಲ ಊರಿಗೆ ಹೋದಾಗ ರಸ್ತೆಯಲ್ಲಿ ಇನ್ನೂ ಓಡುತ್ತಿರುವ ಅಂಬಾಸಡರ್ ಕಂಡರೆ, ಕ್ಷಣ ನಿಂತು ಅದರ ಹಿಂಚಕ್ರದ ಕೆಳಗೆ ಬಗ್ಗಿ ನೋಡಿ. ಲ್ಯಾಂಬೆತ್‌ನ ಎಲಿಯಟ್ 1804ರಲ್ಲಿ ಬಾಗಿಸಿದ ಆ ಕಮಾನಿನ ವಂಶದ ಕುಡಿ ಅಲ್ಲಿ ಕಾಣುತ್ತದೆ.